30 ಲಕ್ಷದ ಸಾಲ, 62 ಲಕ್ಷದ ಲೆಕ್ಕ



ಇವತ್ತು ರಾಜಕೀಯ ಬೇಡ. ಯಾರ ಕುರ್ಚಿ ಉಳಿಯಿತು, ಯಾರ ಕುರ್ಚಿ ಅಲ್ಲಾಡ್ತಿದೆ ಅನ್ನೋದನ್ನ ನಾಳೆ ನೋಡೋಣ, ಆ ಸುದ್ದಿ ಎಲ್ಲೂ ಹೋಗಲ್ಲ. ಇವತ್ತು ನಿಮ್ಮ ಮನೆಯ ಲೆಕ್ಕ ಮಾತಾಡೋಣ. ಮನೆಸಾಲದ ಲೆಕ್ಕ.

ಮನೆ ಕಟ್ಟಿ ನೋಡು, ಮದುವೆ ಮಾಡಿ ನೋಡು ಅಂದರು ಹಿರಿಯರು. ಅವರ ಕಾಲದಲ್ಲಿ 20 ವರ್ಷದ ಇಎಂಐ ಇದ್ದಿದ್ದರೆ, ‘ತೀರಿಸಿ ನೋಡು’ ಅಂತ ಮೂರನೆಯದನ್ನೂ ಸೇರಿಸ್ತಿದ್ದರೋ ಏನೋ.

ಒಂದು ಪ್ರಶ್ನೆ ಕೇಳ್ತೀನಿ. ಮನೆಸಾಲ ಇರುವ ಯಾರನ್ನಾದರೂ ‘ನಿಮ್ಮ ಇಎಂಐ ಎಷ್ಟು?’ ಅಂತ ಕೇಳಿ. ರೂಪಾಯಿ ಬಿಡದೆ ಹೇಳ್ತಾರೆ. ಯಾವ ತಾರೀಕಿಗೆ ಕಟ್ ಆಗುತ್ತೆ ಅನ್ನೋದನ್ನೂ ಹೇಳ್ತಾರೆ. ಈಗ ಎರಡನೇ ಪ್ರಶ್ನೆ ಕೇಳಿ. ‘ಸಾಲ ಮುಗಿಯೋ ಹೊತ್ತಿಗೆ ಒಟ್ಟು ಎಷ್ಟು ಕಟ್ಟಿರ್ತೀರಿ?’ ಹತ್ತರಲ್ಲಿ ಒಂಬತ್ತು ಜನ ಸುಮ್ಮನಾಗ್ತಾರೆ. ತಿಂಗಳ ಕಂತು ಗೊತ್ತು, ಮನೆಯ ನಿಜವಾದ ಬೆಲೆ ಗೊತ್ತಿಲ್ಲ. ನಮ್ಮ ಬದುಕಿನ ಅತಿ ದೊಡ್ಡ ಖರೀದಿಯಲ್ಲಿ ನಾವು ಬೆಲೆ ಕೇಳದೆ ಸಹಿ ಹಾಕ್ತಾ ಇದ್ದೀವಿ.

ನಾನು ಓದಿದ್ದು ಇಂಜಿನಿಯರಿಂಗ್. ಈ ಕುರ್ಚಿಗೆ ಬಂದ ಮೇಲೆ ಅದರಲ್ಲಿ ಬಹಳಷ್ಟು ಮರೆತುಹೋಗಿದೆ. ಆದರೆ ಲೆಕ್ಕವನ್ನ ಕೊನೆಯ ಸಾಲಿನವರೆಗೂ ಬಿಡಿಸಿ ನೋಡುವ ಅಭ್ಯಾಸ ಹೋಗಿಲ್ಲ. ಬನ್ನಿ, ಒಂದು ಪೆನ್ನು, ಒಂದು ಹಾಳೆ ತಗೊಳ್ಳಿ. ಒಟ್ಟಿಗೆ ಬಿಡಿಸೋಣ.

30 ಲಕ್ಷ ರೂಪಾಯಿ ಸಾಲ. ವರ್ಷಕ್ಕೆ ಶೇ. 8.5 ಬಡ್ಡಿ. 20 ವರ್ಷ. ಮೈಸೂರೋ, ಹುಬ್ಬಳ್ಳಿಯೋ, ತುಮಕೂರೋ, ಮಧ್ಯಮ ವರ್ಗದ ಒಂದು ಸಾಧಾರಣ ಮನೆಸಾಲ ಅಂದುಕೊಳ್ಳಿ. ನಮ್ಮ ಊರುಗಳಲ್ಲಿ ಬಡ್ಡಿಯನ್ನ ‘ನೂರಕ್ಕೆ ತಿಂಗಳಿಗೆ ಎಷ್ಟು’ ಅಂತ ಕೇಳ್ತಾರೆ. ಆ ಲೆಕ್ಕದಲ್ಲಿ ಇದು ನೂರಕ್ಕೆ ತಿಂಗಳಿಗೆ 71 ಪೈಸೆ. ನೂರಕ್ಕೆ ಎರಡು, ಮೂರು ರೂಪಾಯಿ ಬಡ್ಡಿ ಕಂಡವರಿಗೆ 71 ಪೈಸೆ ಒಂದು ಬಡ್ಡಿಯೇ ಅಲ್ಲ. ಇಎಂಐ ಬರುತ್ತೆ 26,035 ರೂಪಾಯಿ. ‘ಪರವಾಗಿಲ್ಲ, ಇಬ್ಬರೂ ದುಡೀತೀವಿ, ಕಟ್ಟಬಹುದು’ ಅಂತ ಗಂಡ ಹೆಂಡತಿ ತೀರ್ಮಾನ ಮಾಡ್ತಾರೆ.

ಈಗ ಗುಣಿಸಿ. 26,035 ರೂಪಾಯಿ, 240 ತಿಂಗಳು. 62 ಲಕ್ಷ 48 ಸಾವಿರ. ತಗೊಂಡಿದ್ದು 30 ಲಕ್ಷ, ಬಡ್ಡಿಯೇ 32 ಲಕ್ಷ 48 ಸಾವಿರ. ಅಂದರೆ ಒಂದು ಮನೆ ನಿಮಗೆ, ಒಂದು ಮನೆ ಬ್ಯಾಂಕಿಗೆ, ಮೇಲೆ ಒಂದು ಕಾರು.

ಇದು ಮೋಸವಾ? ಅಲ್ಲ. ಇದನ್ನ ಸ್ಪಷ್ಟವಾಗಿ ಹೇಳ್ತೀನಿ, ಯಾಕಂದ್ರೆ ‘ಬ್ಯಾಂಕಿನವರು ಮೊದಲು ಬಡ್ಡಿಯನ್ನೇ ಹಿಡ್ಕೋತಾರೆ, ಕಳ್ಳರು’ ಅಂತ ಬಹಳ ಜನ ಹೇಳೋದನ್ನ ಕೇಳಿದ್ದೀನಿ. ಬಡ್ಡಿ ಬೀಳೋದು ಬಾಕಿ ಇರುವ ಹಣದ ಮೇಲೆ. ಮೊದಲ ತಿಂಗಳು ಬಾಕಿ 30 ಲಕ್ಷ. ಅದರ ಒಂದು ತಿಂಗಳ ಬಡ್ಡಿ 21,250 ರೂಪಾಯಿ. ನೀವು ಕಟ್ಟಿದ್ದು 26,035. ಉಳಿದ 4,785 ಮಾತ್ರ ಅಸಲಿಗೆ ಹೋಗುತ್ತೆ. ಮುಂದಿನ ತಿಂಗಳು ಬಾಕಿ ಅಷ್ಟು ಕಡಿಮೆ, ಬಡ್ಡಿ 34 ರೂಪಾಯಿ ಕಡಿಮೆ, ಅಸಲಿಗೆ 34 ರೂಪಾಯಿ ಜಾಸ್ತಿ. ಹೀಗೆ ಇರುವೆ ನಡಿಗೆಯಲ್ಲಿ ಸಾಗುತ್ತೆ.

ಒಂದು ವರ್ಷ ಆಯ್ತು. ನೀವು ಕಟ್ಟಿದ್ದು 3 ಲಕ್ಷ 12 ಸಾವಿರ. ಸಾಲ ಇಳಿದಿದ್ದು 60 ಸಾವಿರಕ್ಕೂ ಸ್ವಲ್ಪ ಕಡಿಮೆ. ಹತ್ತು ವರ್ಷ ಆಯ್ತು. ಅರ್ಧ ಅವಧಿ ಮುಗೀತು, ಅರ್ಧ ಸಾಲ ತೀರಿರಬೇಕು ಅಂತ ನೀವು ಅಂದುಕೊಂಡಿರ್ತೀರಿ. ಅಷ್ಟರಲ್ಲಿ 31 ಲಕ್ಷ 24 ಸಾವಿರ ಕಟ್ಟಿದ್ದೀರಿ, ತಗೊಂಡಿದ್ದಕ್ಕಿಂತ ಜಾಸ್ತಿ. ಬಾಕಿ ಎಷ್ಟು ಗೊತ್ತಾ? ಸುಮಾರು 21 ಲಕ್ಷ. ನೀವು ಕಟ್ಟುವ ಕಂತಿನಲ್ಲಿ ಬಡ್ಡಿಗಿಂತ ಅಸಲಿನ ಪಾಲು ದೊಡ್ಡದಾಗಬೇಕಾದರೆ ಹೆಚ್ಚುಕಡಿಮೆ 12 ವರ್ಷ ಕಾಯಬೇಕು. 30 ಲಕ್ಷ 15 ಲಕ್ಷಕ್ಕೆ ಇಳಿಯೋದು 14ನೇ ವರ್ಷದಲ್ಲಿ. ಮಗು ಎಲ್‌ಕೆಜಿ ಸೇರಿದಾಗ ತಗೊಂಡ ಸಾಲ, ಅದು ಪಿಯುಸಿ ಮುಗಿಸೋ ಹೊತ್ತಿಗೆ ಅರ್ಧ ತೀರಿರುತ್ತೆ.

ಇನ್ನೊಂದು ಕಡೆಯಿಂದಲೂ ನೋಡಬೇಕು, ಇಲ್ಲದಿದ್ರೆ ನಾನು ನಿಮ್ಮನ್ನ ಸುಮ್ಮನೆ ಹೆದರಿಸಿದಂತೆ ಆಗುತ್ತೆ. 20 ವರ್ಷದ ನಂತರದ 26 ಸಾವಿರ ರೂಪಾಯಿ ಇವತ್ತಿನ 26 ಸಾವಿರ ಅಲ್ಲ. ಬೆಲೆ ಏರಿದ ಹಾಗೆ ಹಣದ ತೂಕ ಇಳಿಯುತ್ತೆ, ಸಂಬಳವೂ ಏರುತ್ತೆ. ಬಾಡಿಗೆ ಮನೆಯಲ್ಲಿದ್ದರೆ ಓನರ್ ವರ್ಷ ವರ್ಷ ಬಾಡಿಗೆ ಏರಿಸ್ತಿದ್ದರು, ಆ ದುಡ್ಡು ಯಾವತ್ತೂ ವಾಪಸ್ ಬರ್ತಿರಲಿಲ್ಲ. ಹಾಗಾಗಿ ಸಾಲ ಮಾಡಿ ಮನೆ ಮಾಡೋದು ತಪ್ಪು ಅಂತ ನಾನು ಹೇಳ್ತಾ ಇಲ್ಲ. ಬೆಲೆ ತಿಳ್ಕೊಂಡು ಮಾಡಿ ಅಂತ ಹೇಳ್ತಾ ಇದ್ದೀನಿ.

ಈಗ ಅವಧಿಯ ಆಟ ನೋಡಿ. ಅದೇ 30 ಲಕ್ಷ, ಅದೇ 8.5. ಆದರೆ 15 ವರ್ಷ. ಇಎಂಐ 29,542. ತಿಂಗಳಿಗೆ ಮೂರೂವರೆ ಸಾವಿರ ಜಾಸ್ತಿ. ಒಟ್ಟು ಬಡ್ಡಿ 23 ಲಕ್ಷ 18 ಸಾವಿರ. ಅಂದರೆ 9 ಲಕ್ಷ 30 ಸಾವಿರ ಉಳಿತಾಯ. ಈಗ ತಿರುಗಿಸಿ, 30 ವರ್ಷ ಮಾಡಿ. ಇಎಂಐ 23,067ಕ್ಕೆ ಇಳಿಯುತ್ತೆ. ತಿಂಗಳಿಗೆ 3,000 ರೂಪಾಯಿ ಉಳೀತು ಅಂತ ಖುಷಿ. ಒಟ್ಟು ಬಡ್ಡಿ? 53 ಲಕ್ಷ. ತಿಂಗಳಿಗೆ ಉಳಿದ ಆ 3,000 ರೂಪಾಯಿಗೆ ನೀವು ಕೊಟ್ಟ ಬೆಲೆ 20 ಲಕ್ಷ ರೂಪಾಯಿ. ಬಿಲ್ಡರ್ ಆಫೀಸಿನಲ್ಲಿ, ಸಾಲಮೇಳದಲ್ಲಿ ‘ಸರ್, ಇಎಂಐ ಕಮ್ಮಿ ಮಾಡ್ಕೊಡ್ತೀವಿ’ ಅಂದ್ರೆ ಒಂದು ನಿಮಿಷ ನಿಂತು ಕೇಳಿ: ‘ಎಷ್ಟು ವರ್ಷಕ್ಕೆ?’

ಬಡ್ಡಿದರದಲ್ಲಿ ಅರ್ಧ ಪರ್ಸೆಂಟ್ ಅಂದ್ರೆ ಏನು ಮಹಾ ಅನ್ನೋರಿದ್ದಾರೆ. ಇದೇ ಸಾಲ 8.5ರ ಬದಲು 9ಕ್ಕೆ ಸಿಕ್ಕರೆ 20 ವರ್ಷದಲ್ಲಿ 2 ಲಕ್ಷ 30 ಸಾವಿರ ಜಾಸ್ತಿ ಕಟ್ಟಬೇಕು. ಆಸ್ತಿಯ ಕಾಗದ ಸರಿಯಿಲ್ಲ, ಬ್ಯಾಂಕು ಕೊಡಲ್ಲ ಅಂತ ಫೈನಾನ್ಸ್ ಕಂಪನಿಗೆ ಹೋಗಿ ಶೇ. 11ಕ್ಕೆ ತಗೊಂಡರೆ ಬಡ್ಡಿ 44 ಲಕ್ಷ ದಾಟುತ್ತೆ. ಸೈಟು ಅಗ್ಗಕ್ಕೆ ಸಿಕ್ತು ಅಂತ ಖಾತಾ ನೋಡದೆ ಕೊಂಡವರು ಆ ಅಗ್ಗದ ಬಾಕಿಯನ್ನ ಹೀಗೆ ತಿಂಗಳು ತಿಂಗಳು ಕಟ್ತಾ ಇರ್ತಾರೆ.

ಇಲ್ಲಿವರೆಗೆ ನಾನು ಬಡ್ಡಿದರ 20 ವರ್ಷ ಅಲ್ಲಾಡಲ್ಲ ಅಂತ ಲೆಕ್ಕ ಹಾಕಿದೆ. ನಿಜ ಜೀವನದಲ್ಲಿ ಹಾಗಿರಲ್ಲ. 2019ರ ಅಕ್ಟೋಬರ್ 1ರಿಂದ ಬ್ಯಾಂಕುಗಳು ಕೊಡುವ ಹೊಸ ಫ್ಲೋಟಿಂಗ್ ಮನೆಸಾಲಗಳು ಹೊರಗಿನ ಒಂದು ಮಾನದಂಡಕ್ಕೆ ಜೋಡಣೆಯಾಗಿವೆ. ಹೆಚ್ಚಿನವು ರಿಸರ್ವ್ ಬ್ಯಾಂಕಿನ ರೆಪೊ ದರಕ್ಕೆ. 2020ರ ಮೇ ತಿಂಗಳಲ್ಲಿ, ಕೊರೋನಾ ಕಾಲದಲ್ಲಿ, ರೆಪೊ ಶೇ. 4ಕ್ಕೆ ಇಳೀತು. ಬಡ್ಡಿ ಅಗ್ಗ ಅಂತ ಜನ ಸಾಲ ಮಾಡಿದರು. 2022ರ ಮೇ 4ರಿಂದ ಶುರುವಾಯ್ತು ನೋಡಿ ಏರಿಕೆ. 2023ರ ಫೆಬ್ರವರಿ ಹೊತ್ತಿಗೆ ರೆಪೊ 6.5. ಒಂಬತ್ತು ತಿಂಗಳಲ್ಲಿ ಎರಡೂವರೆ ಪರ್ಸೆಂಟ್.

ಆ ಸಮಯದಲ್ಲಿ ನಮ್ಮ ಕಾರ್ಯಕ್ರಮಕ್ಕೆ ದಾವಣಗೆರೆ ಕಡೆಯಿಂದ ಒಬ್ಬ ಮೇಷ್ಟ್ರು ಫೋನ್ ಮಾಡಿದ್ದರು. 45ನೇ ವಯಸ್ಸಿಗೆ ಸಾಲ ಮಾಡಿದ್ದರು. 60ಕ್ಕೆ ನಿವೃತ್ತಿ, 60ಕ್ಕೇ ಸಾಲವೂ ಮುಗೀಬೇಕು ಅಂತ ಲೆಕ್ಕ ಹಾಕಿ 15 ವರ್ಷಕ್ಕೆ ತಗೊಂಡಿದ್ದರು. ಯಾವುದೋ ಕೆಲಸಕ್ಕೆ ಬ್ಯಾಂಕಿಗೆ ಹೋದಾಗ ಸ್ಟೇಟ್‌ಮೆಂಟ್ ತೆಗೆಸಿದ್ದಾರೆ. ಅದರ ಪ್ರಕಾರ ಕೊನೆಯ ಕಂತು ಅವರ 66ನೇ ವಯಸ್ಸಿಗೆ. ‘ಮೇಡಂ, ನಾನು ಒಂದು ಕಂತೂ ತಪ್ಪಿಸಿಲ್ಲ. ಚೆಕ್ ಬೌನ್ಸ್ ಆಗಿಲ್ಲ. ಇಎಂಐ ಒಂದು ರೂಪಾಯಿನೂ ಜಾಸ್ತಿ ಆಗಿಲ್ಲ. ಮತ್ತೆ ಸಾಲ ಹೆಂಗ್ ಬೆಳೀತು?’ ಅಂತ ಕೇಳಿದರು. ಅವರ ದನಿಯಲ್ಲಿ ಸಿಟ್ಟಿಗಿಂತ ಅವಮಾನ ಇತ್ತು. ಜೀವನಪೂರ್ತಿ ಮಕ್ಕಳಿಗೆ ಲೆಕ್ಕ ಹೇಳಿಕೊಟ್ಟ ಮನುಷ್ಯ ಅವರು.

ಆಗಿದ್ದು ಇಷ್ಟೇ. ಬಡ್ಡಿ ಏರಿದಾಗ ಬ್ಯಾಂಕು ಇಎಂಐ ಏರಿಸಲಿಲ್ಲ, ಅವಧಿಯನ್ನ ಎಳೀತು. ಕಂತು ಅಷ್ಟೇ ಇದ್ದಿದ್ದರಿಂದ ಮೇಷ್ಟ್ರಿಗೆ ಗೊತ್ತೇ ಆಗಲಿಲ್ಲ. ಅವಧಿ ಉದ್ದವಾದರೆ ಸದ್ದಾಗಲ್ಲ.

ಇದು ಎಲ್ಲಿಗೆ ಹೋಗಬಹುದಿತ್ತು ಅಂತ ಒಂದು ಲೆಕ್ಕ ಕೊಡ್ತೀನಿ. 30 ಲಕ್ಷ, 6.75 ಬಡ್ಡಿ, 20 ವರ್ಷಕ್ಕೆ ಇಎಂಐ 22,811. ಬಡ್ಡಿ ಎರಡೂವರೆ ಏರಿ 9.25 ಆಯ್ತು. 30 ಲಕ್ಷದ ಬಾಕಿಗೆ ಒಂದು ತಿಂಗಳ ಬಡ್ಡಿಯೇ 23,125. ಇಎಂಐಗಿಂತ ಬಡ್ಡಿ ದೊಡ್ಡದು! ಅಂಥ ಕಂತು ನೂರು ವರ್ಷ ಕಟ್ಟಿದರೂ ಸಾಲ ತೀರಲ್ಲ, ಬೆಳೀತಾ ಹೋಗುತ್ತೆ.

ಇಂಥ ದೂರುಗಳು ಹೆಚ್ಚಾದ ಮೇಲೆ ರಿಸರ್ವ್ ಬ್ಯಾಂಕ್ 2023ರ ಆಗಸ್ಟ್ 18ರಂದು ಒಂದು ಸುತ್ತೋಲೆ ಹೊರಡಿಸಿತು. ಅದು ನಿಮ್ಮ ಕೈಯಲ್ಲಿರುವ ಆಯುಧ, ನೆನಪಿಟ್ಟುಕೊಳ್ಳಿ. ಬಡ್ಡಿ ಪರಿಷ್ಕರಣೆ ಆದಾಗ ನಿಮ್ಮನ್ನ ಕೇಳಬೇಕು: ಇಎಂಐ ಏರಿಸೋದಾ, ಅವಧಿ ಏರಿಸೋದಾ, ಎರಡೂ ಸ್ವಲ್ಪ ಸ್ವಲ್ಪವಾ? ತೀರ್ಮಾನ ನಿಮ್ಮದು. ಬಡ್ಡಿಯೂ ತುಂಬದಂಥ ಕಂತು ಆಗದ ಹಾಗೆ ನೋಡಿಕೊಳ್ಳಬೇಕು. ಮೂರು ತಿಂಗಳಿಗೊಮ್ಮೆ ಸ್ಟೇಟ್‌ಮೆಂಟ್ ಕೊಡಬೇಕು. ಅದರಲ್ಲಿ ಇಲ್ಲಿವರೆಗೆ ಅಸಲಿಗೆ ಎಷ್ಟು ಹೋಯ್ತು, ಬಡ್ಡಿಗೆ ಎಷ್ಟು ಹೋಯ್ತು, ಇನ್ನೆಷ್ಟು ಕಂತು ಉಳಿದಿದೆ, ಎಲ್ಲ ಇರಬೇಕು. ‘ಸಿಸ್ಟಮ್ ಆಟೊಮ್ಯಾಟಿಕ್ ಆಗಿ ಮಾಡುತ್ತೆ ಸರ್’ ಅನ್ನೋ ಉತ್ತರ ಇನ್ನು ಸಲ್ಲದು.

ಬಡ್ಡಿ ಇಳಿಯುವಾಗಲೂ ಎಚ್ಚರ ಬೇಕು. 2025ರ ಫೆಬ್ರವರಿಯಿಂದ ಜೂನ್‌ವರೆಗೆ ಮೂರು ಸಲ ಇಳಿಸಿ ರೆಪೊವನ್ನ 6.5ರಿಂದ 5.5ಕ್ಕೆ ತಂದರು. ಒಂದು ಪರ್ಸೆಂಟ್ ಇಳಿದಾಗ ಇಎಂಐ ಕಡಿಮೆ ಮಾಡಿಸ್ಕೋಬೇಕು ಅಂತ ಎಲ್ಲರಿಗೂ ಅನಿಸುತ್ತೆ. ನಮ್ಮ 30 ಲಕ್ಷದ ಸಾಲ ಶುರುವಿನಲ್ಲೇ 8.5ರಿಂದ 7.5ಕ್ಕೆ ಇಳೀತು ಅಂದುಕೊಳ್ಳಿ. ಇಎಂಐ ಕಡಿಮೆ ಮಾಡಿಸಿದರೆ ತಿಂಗಳಿಗೆ ಸುಮಾರು 1,870 ರೂಪಾಯಿ ಉಳಿಯುತ್ತೆ. ಅದೇ 26,035 ಕಟ್ಟುವುದನ್ನ ಮುಂದುವರಿಸಿದರೆ? ಸಾಲ 20 ವರ್ಷದ ಬದಲು 17 ವರ್ಷಕ್ಕೇ ಮುಗಿಯುತ್ತೆ. ಎರಡರ ನಡುವಿನ ವ್ಯತ್ಯಾಸ ಪೌಣೆ ಐದು ಲಕ್ಷ ರೂಪಾಯಿ. ಈಗಾಗಲೇ ಆ ಕಂತಿಗೆ ಒಗ್ಗಿಕೊಂಡಿದ್ದೀರಿ, ಬಿಡಬೇಡಿ.

ನಿಮ್ಮ ಸಾಲ 2019ಕ್ಕಿಂತ ಹಳೆಯದಾ? ಹಾಗಿದ್ದರೆ ಅದು ಎಂಸಿಎಲ್‌ಆರ್‌ನಲ್ಲೋ, ಅದಕ್ಕೂ ಹಿಂದಿನ ಬೇಸ್ ರೇಟ್‌ನಲ್ಲೋ ಇರಬಹುದು. ಅಲ್ಲಿ ರೆಪೊ ಇಳಿದ ಲಾಭ ನಿಮ್ಮ ಖಾತೆಗೆ ತಲುಪೋದು ತಡ. ಹೌಸಿಂಗ್ ಫೈನಾನ್ಸ್ ಕಂಪನಿಯ ಸಾಲಕ್ಕಂತೂ ಆ ರೆಪೊ ಜೋಡಣೆಯ ನಿಯಮವೇ ಇಲ್ಲ. ಬ್ರಾಂಚಿಗೆ ಹೋಗಿ ಕೇಳಿ, ಹೊಸ ಗ್ರಾಹಕನಿಗೆ ಎಷ್ಟು ದರ, ನನಗೆ ಎಷ್ಟು? ವ್ಯತ್ಯಾಸ ಇದ್ದರೆ ಒಂದಿಷ್ಟು ಶುಲ್ಕ ಕಟ್ಟಿ ಬದಲಾಯಿಸಿಕೊಳ್ಳಬಹುದು. ಕೇಳದಿದ್ದರೆ ಯಾರೂ ತಾವಾಗಿ ಬಂದು ಹೇಳಲ್ಲ. ಬೇರೆ ಬ್ಯಾಂಕಿಗೆ ಸಾಲ ಸಾಗಿಸುವ ದಾರಿಯೂ ಇದೆ. ಆ ಖರ್ಚನ್ನೂ ಕೂಡಿ ಕಳೆದು ನೋಡಿ.

ಸಾಲಕ್ಕೆ ಅಂಟಿಕೊಂಡು ಬರುವ ಸಣ್ಣ ಸಣ್ಣ ಸಂಗತಿಗಳಿವೆ. ಪ್ರೊಸೆಸಿಂಗ್ ಶುಲ್ಕ, ಲೀಗಲ್ ಒಪೀನಿಯನ್, ವ್ಯಾಲ್ಯುಯೇಷನ್. ಅದರ ಜೊತೆ ಒಂದು ವಿಮೆ. ‘ಸರ್, ಇದು ಕಂಪಲ್ಸರಿ, ಪ್ರೀಮಿಯಂ ಸಾಲಕ್ಕೇ ಸೇರಿಸಿಬಿಡ್ತೀವಿ, ನೀವು ಕೈಯಿಂದ ಏನೂ ಕೊಡೋದು ಬೇಡ’ ಅಂತಾರೆ. ಒಂದು ಲಕ್ಷದ ಪ್ರೀಮಿಯಂ ಸಾಲಕ್ಕೆ ಸೇರಿದರೆ 20 ವರ್ಷದಲ್ಲಿ ಅದು 2 ಲಕ್ಷ 8 ಸಾವಿರ ಆಗುತ್ತೆ. ಸಾಲ ಇರುವ ಮನೆಯಲ್ಲಿ ದುಡಿಯುವವರಿಗೆ ವಿಮೆ ಬೇಕೇ ಬೇಕು, ಅದರಲ್ಲಿ ಎರಡು ಮಾತಿಲ್ಲ. ಆದರೆ ಅದೇ ಕಂಪನಿಯಿಂದಲೇ, ಸಾಲದ ಹಣದಿಂದಲೇ ಕೊಳ್ಳಬೇಕು ಅನ್ನೋ ನಿಯಮವನ್ನ ರಿಸರ್ವ್ ಬ್ಯಾಂಕ್ ಮಾಡಿಲ್ಲ. ಹೊರಗೆ ಟರ್ಮ್ ಪಾಲಿಸಿ ಬೆಲೆ ವಿಚಾರಿಸಿ ನೋಡಿ.

ಕಟ್ಟುತ್ತಿರುವ ಫ್ಲ್ಯಾಟ್‌ಗೆ ಸಾಲ ಮಾಡಿದವರಿಗೆ ಇನ್ನೊಂದು ಕಥೆ. ಪ್ರೀ-ಇಎಂಐ. ಬಿಲ್ಡರ್‌ಗೆ ಬಿಡುಗಡೆ ಆದಷ್ಟು ಹಣಕ್ಕೆ ಬರೀ ಬಡ್ಡಿ. 30 ಲಕ್ಷ ಪೂರ್ತಿ ಬಿಡುಗಡೆಯಾಗಿ ಕೀಲಿ ಸಿಗೋದು ಒಂದು ವರ್ಷ ತಡವಾಯ್ತು ಅಂದ್ರೆ 2 ಲಕ್ಷ 55 ಸಾವಿರ ಹೋಯ್ತು, ಅಸಲು ಒಂದು ರೂಪಾಯಿಯೂ ಇಳಿಯಲಿಲ್ಲ. ಈ ಕಡೆ ಬಾಡಿಗೆಯೂ ಕಟ್ಟಬೇಕು. ಬೆಂಗಳೂರಿನ ಹೊರವಲಯದಲ್ಲಿ ಈ ಎರಡು ಕತ್ತರಿಗಳ ನಡುವೆ ಸಿಕ್ಕಿಕೊಂಡ ಸಾವಿರಾರು ಕುಟುಂಬಗಳಿವೆ. 2016ರ ರೇರಾ ಕಾಯ್ದೆಯ 18ನೇ ಸೆಕ್ಷನ್ ಪ್ರಕಾರ ತಡವಾದ ಪ್ರತಿ ತಿಂಗಳಿಗೂ ಬಿಲ್ಡರ್‌ನಿಂದ ಬಡ್ಡಿ ಕೇಳುವ ಹಕ್ಕು ನಿಮಗಿದೆ. ಅದನ್ನ ಬಿಟ್ಟುಕೊಡಬೇಡಿ.

‘ಆದ್ರೆ ಟ್ಯಾಕ್ಸ್ ಉಳಿಯುತ್ತಲ್ಲ ಮೇಡಂ?’ ಇದು ಪ್ರತಿ ಸಲ ಬರುವ ಪ್ರಶ್ನೆ. ಹಳೆಯ ತೆರಿಗೆ ಪದ್ಧತಿಯಲ್ಲಿ, ನೀವೇ ವಾಸ ಇರುವ ಮನೆಯ ಬಡ್ಡಿಗೆ ವರ್ಷಕ್ಕೆ 2 ಲಕ್ಷದವರೆಗೆ ವಿನಾಯಿತಿ ಇದೆ. ಶೇ. 30ರ ಸ್ಲ್ಯಾಬ್‌ನಲ್ಲಿರುವವರಿಗೆ 60 ಸಾವಿರದಷ್ಟು ಉಳಿಯುತ್ತೆ, ನಿಜ. ಆದರೆ ಹೊಸ ಪದ್ಧತಿಯಲ್ಲಿ ಸ್ವಂತ ವಾಸದ ಮನೆಗೆ ಆ ವಿನಾಯಿತಿ ಇಲ್ಲ. ಇವತ್ತು 12 ಲಕ್ಷದವರೆಗೆ ತೆರಿಗೆಯೇ ಇಲ್ಲ ಅಂತ ಬಹಳ ಜನ ಹೊಸ ಪದ್ಧತಿಗೆ ಹೋಗಿದ್ದಾರೆ. ಅವರಿಗೆ ಮನೆಸಾಲದಿಂದ ಉಳಿಯುವ ತೆರಿಗೆ ಸೊನ್ನೆ. ಹಳೆಯ ಪದ್ಧತಿಯಲ್ಲಿ ಇದ್ದರೂ, 30 ರೂಪಾಯಿ ತೆರಿಗೆ ಉಳಿಸೋಕೆ 100 ರೂಪಾಯಿ ಬಡ್ಡಿ ಕಟ್ಟೋದು ಲಾಭ ಅಲ್ಲ, ನಷ್ಟದಲ್ಲಿ ಸ್ವಲ್ಪ ರಿಯಾಯಿತಿ ಅಷ್ಟೇ.

ಹಾಗಾದ್ರೆ ಏನು ಮಾಡಬೇಕು? ಮುಂಗಡ ಪಾವತಿ. ಕೈಗೆ ಬಂದ ಬೋನಸ್ಸು, ಅಡಿಕೆ ಮಾರಿದ ದುಡ್ಡು, ಅರಿಯರ್ಸು, ಏನೇ ಇರಲಿ, ಅದರಲ್ಲಿ ಒಂದು ಪಾಲು ಅಸಲಿಗೆ ಕಟ್ಟಿ. ವರ್ಷಕ್ಕೆ ಒಂದೇ ಒಂದು ಇಎಂಐ ಜಾಸ್ತಿ ಕಟ್ಟಿದರೆ, ಅಂದ್ರೆ 12ರ ಬದಲು 13, ನಮ್ಮ 20 ವರ್ಷದ ಸಾಲ 16 ವರ್ಷ 9 ತಿಂಗಳಿಗೆ ಮುಗಿಯುತ್ತೆ. ಉಳಿತಾಯ ಸುಮಾರು 6 ಲಕ್ಷ. ಆದರೆ ಯಾವಾಗ ಕಟ್ತೀರಿ ಅನ್ನೋದು ಮುಖ್ಯ. ಮೊದಲ ವರ್ಷದ ಕೊನೆಗೆ ಒಂದು ಲಕ್ಷ ಕಟ್ಟಿದರೆ ಕೊನೆಯಲ್ಲಿ 18 ಕಂತು ಕಡಿಮೆಯಾಗುತ್ತೆ. ಅಂದ್ರೆ 4 ಲಕ್ಷ 70 ಸಾವಿರ. ಅದೇ ಒಂದು ಲಕ್ಷವನ್ನ 15ನೇ ವರ್ಷದ ಕೊನೆಗೆ ಕಟ್ಟಿದರೆ ಉಳಿಯೋದು ಆರು ಕಂತೂ ಇಲ್ಲ. ‘ಮಕ್ಕಳು ದೊಡ್ಡವರಾದ ಮೇಲೆ ಒಟ್ಟಿಗೆ ಕಟ್ಟೋಣ’ ಅನ್ನೋರು ಈ ಎರಡು ಅಂಕಿಗಳನ್ನ ಬರೆದಿಟ್ಟುಕೊಳ್ಳಿ.

ಮುಂಗಡ ಕಟ್ಟಿದರೆ ದಂಡ ಹಾಕ್ತಾರೆ ಅನ್ನೋ ಭಯ ಇನ್ನೂ ಹಲವರಿಗಿದೆ. ಫ್ಲೋಟಿಂಗ್ ದರದ ಮನೆಸಾಲಕ್ಕೆ ಅಂಥ ಶುಲ್ಕ ಹಾಕಬಾರದು ಅಂತ 2012ರಲ್ಲೇ ರಿಸರ್ವ್ ಬ್ಯಾಂಕ್ ಬ್ಯಾಂಕುಗಳಿಗೆ ಹೇಳಿದೆ. ಕಟ್ಟುವಾಗ ಒಂದು ಅರ್ಜಿ ಬರೆದುಕೊಡಿ: ‘ಇದನ್ನು ಅಸಲಿಗೆ ಜಮಾ ಮಾಡಿ, ಇಎಂಐ ಅಷ್ಟೇ ಇರಲಿ, ಅವಧಿ ಕಡಿಮೆ ಮಾಡಿ.’ ಸೀಲ್ ಹಾಕಿಸಿಕೊಳ್ಳಿ.

ಹಾಗಂತ ಇದ್ದಬದ್ದ ದುಡ್ಡೆಲ್ಲ ತಂದು ಸಾಲಕ್ಕೆ ಸುರೀಬೇಡಿ. ಆರು ತಿಂಗಳ ಮನೆ ಖರ್ಚು ಬೇರೆ ಇಟ್ಟಿರಿ. ಕೆಲಸ ಹೋದ ದಿನ, ಆಸ್ಪತ್ರೆ ಸೇರಿದ ದಿನ ಬ್ಯಾಂಕು ‘ಹಿಂದೆ ಜಾಸ್ತಿ ಕಟ್ಟಿದ್ದೀರಿ, ಈ ತಿಂಗಳು ಬಿಡಿ’ ಅನ್ನಲ್ಲ. ಕ್ರೆಡಿಟ್ ಕಾರ್ಡ್ ಬಾಕಿ, ಕೈಸಾಲ ಇದ್ದರೆ ಮೊದಲು ಅದನ್ನ ತೀರಿಸಿ. ನೂರಕ್ಕೆ ಮೂರು ರೂಪಾಯಿ ಬಡ್ಡಿ ಇಟ್ಟುಕೊಂಡು 71 ಪೈಸೆಯ ಸಾಲ ತೀರಿಸೋದು ಜಾಣತನ ಅಲ್ಲ.

ಹೊಸದಾಗಿ ಸಾಲಕ್ಕೆ ಹೋಗುವವರಿಗೆ ಒಂದು ಮಾತು. 2024ರ ಅಕ್ಟೋಬರ್ 1ರಿಂದ ‘ಕೀ ಫ್ಯಾಕ್ಟ್ಸ್ ಸ್ಟೇಟ್‌ಮೆಂಟ್’ ಅನ್ನೋ ಹಾಳೆಯನ್ನ ಸಾಲಕ್ಕೆ ಮೊದಲೇ ಕೊಡೋದು ಕಡ್ಡಾಯ. ಎಲ್ಲ ಶುಲ್ಕ ಸೇರಿದ ವಾರ್ಷಿಕ ದರ, ತಿಂಗಳು ತಿಂಗಳಿನ ಅಸಲು ಬಡ್ಡಿಯ ಪಟ್ಟಿ, ಎಲ್ಲ ಅದರಲ್ಲಿ ಇರಬೇಕು. ಅದರಲ್ಲಿ ಇಲ್ಲದ ಶುಲ್ಕವನ್ನ ನಿಮ್ಮ ಒಪ್ಪಿಗೆ ಇಲ್ಲದೆ ಹಾಕುವಂತಿಲ್ಲ. ಇನ್ನೂ ಮುಖ್ಯ ಅಂದ್ರೆ, ಅದು ಸಾಲ ತಗೊಳ್ಳುವವರಿಗೆ ಅರ್ಥವಾಗುವ ಭಾಷೆಯಲ್ಲಿ ಇರಬೇಕು, ಓದಿ ವಿವರಿಸಬೇಕು ಅಂತ ನಿಯಮವೇ ಇದೆ. ಕನ್ನಡದಲ್ಲಿ ಕೊಡಿ ಅಂತ ಕೇಳಿ. ಅದು ಉಪಕಾರ ಅಲ್ಲ, ಹಕ್ಕು. ನಲವತ್ತು ಪುಟದ ಇಂಗ್ಲಿಷ್ ಕಾಗದಕ್ಕೆ ಪೆನ್ಸಿಲ್ ಗುರುತು ಇದ್ದಲ್ಲೆಲ್ಲ ಸಹಿ ಹಾಕಿ ಬರುವ ಕಾಲ ಮುಗಿಯಬೇಕು.

ಕೊನೆಗೆ, ಸಾಲ ತೀರಿದವರಿಗೂ ಒಂದು ವಿಷಯ. ಪೂರ್ತಿ ತೀರಿದ 30 ದಿನದೊಳಗೆ ನಿಮ್ಮ ಮೂಲ ಪತ್ರಗಳನ್ನ ವಾಪಸ್ ಕೊಡಬೇಕು. ಅವರ ಕಾರಣದಿಂದ ತಡವಾದರೆ ದಿನಕ್ಕೆ 5,000 ರೂಪಾಯಿ ಪರಿಹಾರ. 2023ರ ಡಿಸೆಂಬರ್ 1ರಿಂದ ಈ ನಿಯಮ ಜಾರಿಯಲ್ಲಿದೆ. ‘ಪತ್ರ ಹೆಡ್ ಆಫೀಸಲ್ಲಿದೆ, ಮುಂದಿನ ತಿಂಗಳು ಬನ್ನಿ’ ಅಂದರೆ ಈ ತಾರೀಕು ಹೇಳಿ.

ನಾಳೆ ಬ್ಯಾಂಕು ತೆರೆದಿರುತ್ತೆ. ಸ್ಟೇಟ್‌ಮೆಂಟ್ ತೆಗೆಸಿ ಮೂರು ಅಂಕಿ ನೋಡಿ: ಬಾಕಿ ಎಷ್ಟು, ಬಡ್ಡಿದರ ಎಷ್ಟು, ಇನ್ನೆಷ್ಟು ಕಂತು. ಕೊನೆಯ ಕಂತಿನ ವರ್ಷಕ್ಕೆ ನಿಮ್ಮ ವಯಸ್ಸು ಎಷ್ಟಾಗಿರುತ್ತೆ ಅಂತ ಪಕ್ಕದಲ್ಲಿ ಬರೆಯಿರಿ. ರಾತ್ರಿ ಊಟ ಆದ ಮೇಲೆ ಆ ಹಾಳೆಯನ್ನ ಮನೆಯವರೆಲ್ಲರ ಮುಂದೆ ಇಡಿ. ಸಾಲ ಒಬ್ಬರ ಹೆಸರಲ್ಲಿದ್ದರೂ ಕಟ್ಟುವವರು ಎಲ್ಲರೂ.

ನಾಳೆ ಇದೇ ಹೊತ್ತಿಗೆ ಸಿಗೋಣ.